ಕೇಳದೆ ಬಂದು ಕೂರುವ ಆಪ್‌ಗಳು: ವರ್ತಕರ ಫೋನಿನಲ್ಲಿ ಮುಚ್ಚಬೇಕಾದ ಬಾಗಿಲುಗಳು

ಭಟ್ಕಳ, ಹೊನ್ನಾವರ ಮತ್ತು ಕುಮಟಾ ತಾಲೂಕುಗಳ ವ್ಯಾಪಾರ ವಹಿವಾಟಿನ ದೊಡ್ಡ ಪಾಲು ಇಂದು ಸ್ಮಾರ್ಟ್‌ಫೋನಿನ ಮೂಲಕವೇ ಸಾಗುತ್ತದೆ. ಕುಮಟಾ ಮಾರುಕಟ್ಟೆಯ ಚಾಲಿ, ಕೋಕಾ, ಚಿಪ್ಪು ಅಡಿಕೆಯ ಧಾರಣೆ, ಕಾಸರಕೋಡಿನ ಬಂದರಿಗೆ ಬಂದ ಮೀನಿನ ಲೆಕ್ಕ, ಭಟ್ಕಳ ಮಲ್ಲಿಗೆಯ ಬೇಡಿಕೆ, ಇವೆಲ್ಲವೂ ವಾಟ್ಸಾಪ್ ಸಂದೇಶಗಳಾಗಿ ಬರುತ್ತವೆ. ಹಣವು ಯುಪಿಐ ಮೂಲಕ ಜಮೆಯಾಗುತ್ತದೆ. ಬ್ಯಾಂಕಿನ ಒಟಿಪಿಯೂ ಜಿ.ಎಸ್.ಟಿ. ಜಾಲತಾಣದ ಒಟಿಪಿಯೂ ಅದೇ ಫೋನಿಗೆ ಬಂದು ಬೀಳುತ್ತವೆ. ಹಿಂದೆ ಗಲ್ಲಾಪೆಟ್ಟಿಗೆ ಒಂದೆಡೆ, ಕಿರ್ದಿ ಖಾತೆ ಇನ್ನೊಂದೆಡೆ, ಅಂಗಡಿಯ ಮೊಹರು ಮತ್ತೊಂದೆಡೆ ಇರುತ್ತಿದ್ದವು. ಈಗ ಮೂರೂ ಒಂದೇ ಕಿಸೆಯಲ್ಲಿವೆ. ಅಂತಹ ಫೋನಿನಲ್ಲಿ ಒಂದು ಬೆಳಿಗ್ಗೆ ಯಾರೂ ಹಾಕಿಕೊಳ್ಳದ ಆಟವೋ, ತ್ವರಿತ ಸಾಲದ ಆಪೋ ಕಾಣಿಸಿಕೊಳ್ಳುತ್ತದೆ. ಅಳಿಸಿದರೆ ಕೆಲವು ದಿನಗಳಲ್ಲಿ ಅದರ ಜಾಗಕ್ಕೆ ಇನ್ನೊಂದು ಬರುತ್ತದೆ.

‘ಫೋನಿಗೆ ವೈರಸ್ ಬಂದಿದೆ’ ಎಂದು ಭಾವಿಸಿ ಹಲವರು ವೈರಸ್ ತೆಗೆಯುವ ಇನ್ನೊಂದು ಆಪ್ ಹಾಕಿಕೊಳ್ಳುತ್ತಾರೆ. ಉಪದ್ರವ ಅಲ್ಲಿಗೆ ಇಮ್ಮಡಿಯಾಗುತ್ತದೆ. ಮೊದಲಿಗೆ ತಿಳಿಯಬೇಕಾದುದು ಇಷ್ಟೇ: ಯಾವ ಆಪ್ ಕೂಡ ತಾನಾಗಿಯೇ ಫೋನಿನೊಳಗೆ ನೆಲೆಯೂರಲಾರದು. ಅದನ್ನು ಒಳಗೆ ಬಿಟ್ಟವರು ಯಾರೋ ಇದ್ದೇ ಇರುತ್ತಾರೆ. ಫೋನಿನಲ್ಲಿ ಮೊದಲೇ ಇರುವ ಮತ್ತೊಂದು ಆಪ್‌ಗೆ ಹೊಸ ಆಪ್ ಅಳವಡಿಸುವ ಅಧಿಕಾರ ದೊರೆತಿರುತ್ತದೆ. ಇಲ್ಲವೆ ಯಾವುದೋ ಗಳಿಗೆಯಲ್ಲಿ ಯಾರೋ ‘ಒಪ್ಪಿಗೆ’ ಎಂದು ಒತ್ತಿರುತ್ತಾರೆ. ಬಂದ ಆಪನ್ನು ಅಳಿಸುತ್ತ ಕೂರುವುದಕ್ಕಿಂತ ಒಳಗೆ ಬಿಟ್ಟ ಬಾಗಿಲನ್ನು ಪತ್ತೆಮಾಡುವುದು ಮುಖ್ಯ.

ಈ ಪತ್ತೆ ಕಷ್ಟದ್ದಲ್ಲ. ಬೇಡದ ಆಪನ್ನು ಕಂಡ ಕೂಡಲೇ ಅಳಿಸಬಾರದು. ಆಂಡ್ರಾಯ್ಡ್ ಫೋನಿನ ಸೆಟಿಂಗ್ಸ್‌ನಲ್ಲಿ ‘ಆಪ್ಸ್’ ವಿಭಾಗಕ್ಕೆ ಹೋಗಿ, ಆ ಆಪ್‌ನ ಹೆಸರನ್ನು ಒತ್ತಿ, ತೆರೆದ ಪುಟದ ತೀರ ಕೆಳಗಿನವರೆಗೆ ಸಾಗಬೇಕು. ಅಲ್ಲಿ ‘ಆಪ್ ಡೀಟೇಲ್ಸ್’ ಎಂಬ ಸಾಲಿನ ಅಡಿಯಲ್ಲಿ ಈ ಆಪ್ ಎಲ್ಲಿಂದ ಅಳವಡಿಕೆಯಾಯಿತು ಎಂಬುದು ಸಾಮಾನ್ಯವಾಗಿ ನಮೂದಾಗಿರುತ್ತದೆ. ಗೂಗಲ್ ಪ್ಲೇ ಸ್ಟೋರ್ ಎಂದಿರಬಹುದು, ಗ್ಯಾಲಕ್ಸಿ ಸ್ಟೋರ್ ಅಥವಾ ಗೆಟ್‌ಆಪ್ಸ್ ಎಂದಿರಬಹುದು, ಬ್ರೌಸರಿನ ಹೆಸರೇ ಇರಬಹುದು. ಸರಕಿನ ಬಿಲ್ಟಿಯಂತೆ ಈ ಒಂದು ಸಾಲು ರವಾನೆ ಮಾಡಿದವರು ಯಾರೆಂದು ಹೇಳುತ್ತದೆ. ಅದನ್ನು ಓದಿ ಬರೆದಿಟ್ಟುಕೊಂಡ ಬಳಿಕವೇ ಆಪನ್ನು ಅಳಿಸುವುದು ಕ್ರಮ.

ಕುಮಟೆಗೆ ಈ ಬಗೆಯ ವಿಚಾರಣೆ ಹೊಸದಲ್ಲ. ಹತ್ತೊಂಬತ್ತನೆಯ ಶತಮಾನದಲ್ಲಿ ಧಾರವಾಡ ಸೀಮೆಯ ಹತ್ತಿ ಘಟ್ಟವಿಳಿದು ಇಲ್ಲಿನ ಬಂದರಿನಿಂದ ಮುಂಬಯಿಗೆ ಹೋಗುತ್ತಿದ್ದಾಗ ಮಾರುಕಟ್ಟೆಯಲ್ಲಿ ಅದಕ್ಕೆ ‘ಕುಮಟಾ ಹತ್ತಿ’ ಎಂದೇ ಹೆಸರಿತ್ತು. ಹತ್ತಿಯ ವ್ಯಾಪಾರದಲ್ಲಿ ಕಲಬೆರಕೆ ಹೆಚ್ಚಿದ್ದರಿಂದ ಮುಂಬಯಿ ಸರ್ಕಾರ 1863ರಲ್ಲಿ ಅದನ್ನು ತಡೆಯಲೆಂದೇ ಕಾಯಿದೆ ತಂದಿತು. ಕಲಬೆರಕೆಯ ಅಂಡಿಗೆಯನ್ನು ಬಿಚ್ಚಿ ಕಸ ಆರಿಸಿದರೆ ಸಾಲದು, ಅದು ಯಾರ ಕೈ ಹಾದು ಬಂತೆಂದು ಕೇಳಬೇಕಾಗುತ್ತದೆ.

ಫೋನಿನ ಮಟ್ಟಿಗೆ ಮೊದಲ ಕೈ ತಯಾರಕರದೇ. ಕಡಿಮೆ ಬೆಲೆಯ ಫೋನುಗಳಲ್ಲಿ ಲಾಭದ ಅಂತರ ಕಿರಿದು. ಆಪ್ ಕಂಪನಿಗಳಿಂದ ಬರುವ ಪ್ರಚಾರದ ಹಣ ಆ ಕೊರತೆಯನ್ನು ತುಂಬುತ್ತದೆ. ಹೊಸ ಫೋನನ್ನು ಮೊದಲ ಬಾರಿಗೆ ಚಾಲೂ ಮಾಡುವಾಗ ‘ಶಿಫಾರಸು ಮಾಡಿದ ಆಪ್‌ಗಳು’ ಎಂಬ ಪರದೆ ಬರುತ್ತದೆ. ಹಲವು ಫೋನುಗಳಲ್ಲಿ ಅಲ್ಲಿನ ಚೌಕಗಳಲ್ಲಿ ಮೊದಲೇ ಗುರುತು ಬಿದ್ದಿರುತ್ತದೆ. ಅಂಗಡಿಯವನು ಅವಸರದಲ್ಲಿ ‘ನೆಕ್ಸ್ಟ್’ ಒತ್ತಿಕೊಟ್ಟರೆ ಅಷ್ಟೂ ಆಪ್‌ಗಳಿಗೆ ಗ್ರಾಹಕನ ಸಮ್ಮತಿ ದೊರೆತಂತೆಯೇ. ತಂತ್ರಾಂಶದ ದೊಡ್ಡ ಪರಿಷ್ಕರಣೆ ಆದಾಗಲೂ ಇಂತಹ ಪರದೆ ಮರಳಿ ಬರುವುದುಂಟು. ಮೊಬೈಲ್ ಮಾರುವ ಸದಸ್ಯರು ಈ ಪರದೆಯನ್ನು ಗ್ರಾಹಕರ ಕಣ್ಣೆದುರಿನಲ್ಲೇ ತೋರಿಸಿ ಗುರುತುಗಳನ್ನು ತೆಗೆಸುವುದು ಉತ್ತಮ. ಅದಕ್ಕೆ ಎರಡು ನಿಮಿಷವೂ ಹಿಡಿಯದು.

ಗೆಟ್‌ಆಪ್ಸ್, ವಿ-ಆಪ್‌ಸ್ಟೋರ್, ಆಪ್ ಮಾರ್ಕೆಟ್, ಗ್ಯಾಲಕ್ಸಿ ಸ್ಟೋರ್ ಮೊದಲಾದ ತಯಾರಕರ ಸ್ವಂತ ಮಳಿಗೆಗಳಿಗೂ ಆಪ್ ಅಳವಡಿಸುವ ಅಧಿಕಾರವಿದೆ. ಅವುಗಳ ಸೆಟಿಂಗ್ಸ್‌ನಲ್ಲಿ ಶಿಫಾರಸು, ಸೂಚನೆ, ತಾನಾಗಿ ಡೌನ್‌ಲೋಡ್ ಎಂದಿರುವುದನ್ನೆಲ್ಲ ನಿಲ್ಲಿಸಬಹುದು. ಮುಖಪರದೆಯಲ್ಲಿ ‘ಹಾಟ್ ಆಪ್ಸ್’, ‘ಹಾಟ್ ಗೇಮ್ಸ್’ ಎಂಬ ಕಡತಗಳಿದ್ದರೆ ಅವುಗಳೊಳಗಿನ ಚಿತ್ರಗಳು ನಿಜವಾಗಿ ಜಾಹೀರಾತುಗಳು. ಅವನ್ನು ಒತ್ತಿದರೆ ಅಳವಡಿಕೆಗೆ ದಾರಿಯಾಗುತ್ತದೆ. ಆಯಾ ಕಡತದ ಹೆಸರನ್ನು ಒತ್ತಿದಾಗ ಶಿಫಾರಸು ನಿಲ್ಲಿಸುವ ಗುಂಡಿ ದೊರೆಯುತ್ತದೆ, ಇಲ್ಲದಿದ್ದರೆ ಕಡತವನ್ನೇ ತೆಗೆದುಹಾಕಬಹುದು.

ಭಟ್ಕಳದ ಮನೆಗಳಿಗೆ ವಿಶೇಷವಾಗಿ ಸಂಬಂಧಿಸಿದ ಮಾತೊಂದಿದೆ. ಇಲ್ಲಿನ ಅನೇಕ ಕುಟುಂಬಗಳಿಗೆ ಫೋನು ಬರುವುದು ಕೊಲ್ಲಿ ರಾಷ್ಟ್ರಗಳಿಂದ. ಒಂದೇ ಮಾದರಿಯ ಫೋನಾದರೂ ಮಾರಾಟದ ಪ್ರದೇಶಕ್ಕೆ ತಕ್ಕಂತೆ ಒಳಗಿನ ಆಪ್‌ಗಳು ಬೇರೆಯಾಗಿರುತ್ತವೆ. ಸ್ಯಾಮ್‌ಸಂಗ್‌ನ ‘ಎ’ ಮತ್ತು ‘ಎಂ’ ಶ್ರೇಣಿಯ ಫೋನುಗಳಲ್ಲಿರುವ ‘ಆಪ್‌ಕ್ಲೌಡ್’ ಎಂಬುದು ಇಸ್ರೇಲಿನಲ್ಲಿ ಸ್ಥಾಪಿತವಾದ ಐರನ್‌ಸೋರ್ಸ್ ಕಂಪನಿಯ ತಂತ್ರಾಂಶ. 2022ರಲ್ಲಿ ಆ ಕಂಪನಿ ಅಮೆರಿಕದ ಯೂನಿಟಿಯಲ್ಲಿ ವಿಲೀನವಾಯಿತು. ಬಳಕೆದಾರರಿಗೆ ಬೇರೆ ಬೇರೆ ಆಪ್‌ಗಳನ್ನು ಶಿಫಾರಸು ಮಾಡಿ ಅಳವಡಿಸುವುದು ಅದರ ಕೆಲಸ. ಪಶ್ಚಿಮ ಏಷ್ಯಾದಲ್ಲಿ ಮಾರಿದ ಫೋನುಗಳಿಂದ ಅದನ್ನು ಸುಲಭವಾಗಿ ಅಳಿಸಲಾಗದೆಂದು ಆಕ್ಷೇಪಿಸಿ ಬೈರೂತಿನ ಸ್ಮೆಕ್ಸ್ ಎಂಬ ಡಿಜಿಟಲ್ ಹಕ್ಕುಗಳ ಸಂಸ್ಥೆ 2025ರಲ್ಲಿ ಸ್ಯಾಮ್‌ಸಂಗ್‌ಗೆ ಬಹಿರಂಗ ಪತ್ರ ಬರೆಯಿತು. ಭಾರತದಲ್ಲಿ ಮಾರಿದ ಕೆಲವು ಮಾದರಿಗಳಲ್ಲಿಯೂ ಅದು ಉಂಟು. ಸೆಟಿಂಗ್ಸ್‌ನ ಆಪ್ಸ್ ಪಟ್ಟಿಯಲ್ಲಿ ‘ಸಿಸ್ಟಂ ಆಪ್ಸ್’ ಕೂಡ ಕಾಣುವಂತೆ ಮಾಡಿ, ಆಪ್‌ಕ್ಲೌಡನ್ನು ಹುಡುಕಿ ‘ಡಿಸೇಬಲ್’ ಒತ್ತಬೇಕು. ಇದರಿಂದ ಅದು ಅಳಿಯುವುದಿಲ್ಲ, ಆದರೆ ಕೆಲಸ ನಿಲ್ಲಿಸುತ್ತದೆ. ಪರಿಷ್ಕರಣೆಯ ನಂತರ ಮತ್ತೆ ಚಾಲೂ ಆಗಿದೆಯೇ ಎಂದು ನೋಡುವುದು ಲೇಸು.

ಕಾನೂನಿನ ನೆರವು ಈ ವಿಷಯದಲ್ಲಿ ಇನ್ನೂ ಅರೆಬರೆಯಾಗಿದೆ. ಭಾರತೀಯ ಸ್ಪರ್ಧಾ ಆಯೋಗವು 2022ರ ಅಕ್ಟೋಬರ್ 20ರಂದು ಗೂಗಲ್‌ಗೆ 1,337.76 ಕೋಟಿ ರೂಪಾಯಿ ದಂಡ ವಿಧಿಸಿ, ಮೊದಲೇ ಅಳವಡಿಸಿದ ಗೂಗಲ್ ಆಪ್‌ಗಳನ್ನು ಅಳಿಸಲು ಬಳಕೆದಾರರನ್ನು ತಡೆಯಕೂಡದೆಂದು ನಿರ್ದೇಶಿಸಿತ್ತು. 2023ರ ಮಾರ್ಚ್ 29ರಂದು ರಾಷ್ಟ್ರೀಯ ಕಂಪನಿ ಕಾನೂನು ಮೇಲ್ಮನವಿ ನ್ಯಾಯಮಂಡಳಿಯು ದಂಡವನ್ನು ಎತ್ತಿಹಿಡಿಯಿತಾದರೂ ಆ ನಿರ್ದೇಶನವನ್ನು ರದ್ದುಪಡಿಸಿತು. ಅದೇ ವರ್ಷದ ನವೆಂಬರ್ 30ರಂದು ಕೇಂದ್ರ ಗ್ರಾಹಕ ರಕ್ಷಣಾ ಪ್ರಾಧಿಕಾರ ಹೊರಡಿಸಿದ ಮಾರ್ಗಸೂಚಿಯು ಒಂದು ಸೇವೆ ಪಡೆಯಲು ಸಂಬಂಧವಿಲ್ಲದ ಬೇರೊಂದು ಆಪ್ ಹಾಕಿಕೊಳ್ಳುವಂತೆ ಒತ್ತಾಯಿಸುವುದನ್ನು ನಿಷಿದ್ಧ ಪದ್ಧತಿಗಳಲ್ಲಿ ಸೇರಿಸಿದೆ. ಸರ್ಕಾರದ ‘ಸಂಚಾರ್ ಸಾಥಿ’ ಆಪನ್ನೇ ಎಲ್ಲ ಹೊಸ ಫೋನುಗಳಲ್ಲಿ ಕಡ್ಡಾಯವಾಗಿ ಅಳವಡಿಸಬೇಕೆಂದು 2025ರ ನವೆಂಬರ್ ಕೊನೆಯಲ್ಲಿ ಆದೇಶವಾಗಿತ್ತು. ತೀವ್ರ ವಿರೋಧದಿಂದಾಗಿ ಡಿಸೆಂಬರ್ 3ರಂದು ಅದನ್ನು ಹಿಂತೆಗೆದುಕೊಳ್ಳಲಾಯಿತು.

ಇನ್ನು, ಯಾರ ದೋಷವೂ ಇಲ್ಲದೆ ಉಂಟಾಗುವ ಗೊಂದಲವೊಂದಿದೆ. ಅಂಗಡಿಯ ಫೋನು, ಮನೆಯ ಟ್ಯಾಬ್, ಮಗನ ಫೋನು ಮೂರರಲ್ಲಿಯೂ ಒಂದೇ ಜಿ-ಮೇಲ್ ಖಾತೆ ಇರುವುದು ಕುಟುಂಬದ ವ್ಯಾಪಾರಗಳಲ್ಲಿ ಸಾಮಾನ್ಯ. ಪ್ಲೇ ಸ್ಟೋರಿನ ‘ಮ್ಯಾನೇಜ್ ಆಪ್ಸ್ ಅಂಡ್ ಡಿವೈಸ್’ ವಿಭಾಗದಲ್ಲಿ ಈಚಿನ ವರ್ಷಗಳಲ್ಲಿ ‘ಸಿಂಕ್ ಆಪ್ಸ್ ಟು ಡಿವೈಸಸ್’ ಎಂಬ ಸೌಲಭ್ಯ ಸೇರಿದೆ. ಅದು ಚಾಲೂ ಇದ್ದರೆ ಮಗ ತನ್ನ ಫೋನಿನಲ್ಲಿ ಹಾಕಿಕೊಂಡ ಆಟ ಅಂಗಡಿಯ ಫೋನಿಗೂ ಬರುತ್ತದೆ. ಪತ್ತೆಯ ಸಾಲಿನಲ್ಲಿ ‘ಗೂಗಲ್ ಪ್ಲೇ ಸ್ಟೋರ್’ ಎಂದೇ ಇದ್ದು, ಯಾರೂ ಹಾಕಿಲ್ಲವೆಂದು ಎಲ್ಲರೂ ಆಣೆ ಮಾಡುತ್ತಿದ್ದರೆ ಇದನ್ನೇ ಮೊದಲು ಪರೀಕ್ಷಿಸಬೇಕು. ಐಫೋನಿನಲ್ಲಿ ಆಪ್ ಸ್ಟೋರ್ ಸೆಟಿಂಗ್ಸ್‌ನ ‘ಆಟೋಮ್ಯಾಟಿಕ್ ಡೌನ್‌ಲೋಡ್ಸ್’ ಅಡಿಯಲ್ಲಿರುವ ‘ಆಪ್ ಡೌನ್‌ಲೋಡ್ಸ್’ ಇದೇ ಕೆಲಸ ಮಾಡುತ್ತದೆ. ವ್ಯಾಪಾರದ ಫೋನಿಗೆ ಪ್ರತ್ಯೇಕ ಖಾತೆ ತೆರೆಯುವುದೇ ಶಾಶ್ವತ ಪರಿಹಾರ.

ಕೆಲವರು ಪ್ಲೇ ಸ್ಟೋರಿನಲ್ಲಿ ‘ಆಟೋ ಅಪ್‌ಡೇಟ್’ ನಿಲ್ಲಿಸುವಂತೆ ಸಲಹೆ ಕೊಡುತ್ತಾರೆ. ಇದು ತಪ್ಪು ಔಷಧ. ಅಪ್‌ಡೇಟ್ ಎಂಬುದು ಈಗಾಗಲೇ ಇರುವ ಆಪ್‌ನ ದುರಸ್ತಿ. ಅದನ್ನು ನಿಲ್ಲಿಸಿದರೆ ಹೊಸ ಆಪ್‌ಗಳು ಬರುವುದು ತಪ್ಪುವುದಿಲ್ಲ, ಬ್ಯಾಂಕಿನ ಆಪ್ ಮಾತ್ರ ಹಳತಾಗಿ ದುರ್ಬಲವಾಗುತ್ತದೆ.

ಇದುವರೆಗಿನವು ಕಿರಿಕಿರಿಯ ಬಾಗಿಲುಗಳು. ಗಲ್ಲಾಪೆಟ್ಟಿಗೆಯನ್ನೇ ಬರಿದುಮಾಡುವ ಬಾಗಿಲು ಬೇರೊಂದಿದೆ. ಆಪನ್ನು ಪ್ಲೇ ಸ್ಟೋರಿನಿಂದಲ್ಲದೆ ‘ಎಪಿಕೆ’ ಎಂಬ ಕಡತದ ಮೂಲಕವೂ ಫೋನಿಗೆ ಸೇರಿಸಬಹುದು. 2024ರ ಕೊನೆಯಲ್ಲಿ ಮದುವೆಯ ಕರೆಯೋಲೆಯ ರೂಪದಲ್ಲಿ ಇಂತಹ ಕಡತಗಳು ವಾಟ್ಸಾಪ್‌ನಲ್ಲಿ ಹರಿದಾಡತೊಡಗಿದಾಗ ದೇಶದ ಹಲವೆಡೆ ಪೊಲೀಸರು ಎಚ್ಚರಿಕೆ ನೀಡಿದರು. ವಾಹನ ದಂಡದ ಚಲನ್, ಸರ್ಕಾರಿ ಯೋಜನೆಯ ಅರ್ಜಿ, ಬ್ಯಾಂಕಿನ ಕೆವೈಸಿ ಇವೂ ಅದೇ ವೇಷಗಳು. ಕಡತವು ಅನೇಕ ವೇಳೆ ಪರಿಚಿತರ ಸಂಖ್ಯೆಯಿಂದಲೇ ಬರುತ್ತದೆ, ಏಕೆಂದರೆ ಆ ಪರಿಚಿತರ ಫೋನು ಅದಾಗಲೇ ವಂಚಕರ ವಶವಾಗಿರುತ್ತದೆ. ಮದುವೆಯ ಕಾಲದಲ್ಲಿ ಗಿರಾಕಿಯೊಬ್ಬರಿಂದ ಕರೆಯೋಲೆ ಬಂದರೆ ತೆರೆಯದಿರುವ ವರ್ತಕರು ವಿರಳ. ತೆರೆದೊಡನೆ ಆಪ್ ಸಂದೇಶ ಓದಲು ಅನುಮತಿ ಕೇಳುತ್ತದೆ. ಕೊಟ್ಟರೆ ಬ್ಯಾಂಕಿನ ಒಟಿಪಿ ಮಾಲೀಕನಿಗಿಂತ ಮೊದಲು ಅಪರಿಚಿತನಿಗೆ ತಲುಪುತ್ತದೆ. ಕೆಲವು ಆಪ್‌ಗಳು ಬಳಿಕ ತಮ್ಮ ಚಿತ್ರವನ್ನೇ ಮರೆಮಾಡಿಕೊಳ್ಳುವುದರಿಂದ ಮುಖಪರದೆಯಲ್ಲಿ ಹುಡುಕಿದರೆ ಏನೂ ಕಾಣದು. ಕರೆಯೋಲೆ ಚಿತ್ರವಾಗಿಯೋ ಪಿಡಿಎಫ್ ಆಗಿಯೋ ಬರುತ್ತದೆ. ಅದಕ್ಕೆ ಆಪ್ ಅಳವಡಿಕೆಯ ಅಗತ್ಯವೇ ಇಲ್ಲ.

2017ರಲ್ಲಿ ಬಂದ ಆಂಡ್ರಾಯ್ಡ್ 8ರಿಂದೀಚೆಗೆ ಈ ಅಧಿಕಾರವನ್ನು ಒಂದೊಂದು ಆಪ್‌ಗೂ ಪ್ರತ್ಯೇಕವಾಗಿ ಕೊಡಬೇಕಾಗುತ್ತದೆ. ಸೆಟಿಂಗ್ಸ್‌ನಲ್ಲಿ ‘ಇನ್‌ಸ್ಟಾಲ್ ಅನ್‌ನೋನ್ ಆಪ್ಸ್’ ಎಂದು ಹುಡುಕಿದರೆ ಪಟ್ಟಿ ತೆರೆಯುತ್ತದೆ. ಅಲ್ಲಿ ವಾಟ್ಸಾಪ್, ಕ್ರೋಮ್, ಫೈಲ್ ಮ್ಯಾನೇಜರ್, ಕಡತ ಹಂಚುವ ಆಪ್ ಯಾವುದರ ಮುಂದೆಯೂ ‘ಅಲೌಡ್’ ಎಂದಿರಬಾರದು. ಹಿಂದೊಮ್ಮೆ ಯಾವುದೋ ಚಲನಚಿತ್ರ ನೋಡಲು ಕೊಟ್ಟ ಅನುಮತಿ ವರ್ಷಗಟ್ಟಲೆ ಹಾಗೆಯೇ ಉಳಿದಿರುತ್ತದೆ. ಸ್ಯಾಮ್‌ಸಂಗ್‌ನ ಈಚಿನ ಫೋನುಗಳಲ್ಲಿ 2023ರಿಂದ ‘ಆಟೋ ಬ್ಲಾಕರ್’ ಎಂಬ ವ್ಯವಸ್ಥೆಯಿದ್ದು, ಅನಧಿಕೃತ ಮೂಲದ ಅಳವಡಿಕೆಯನ್ನು ಒಟ್ಟಾರೆ ತಡೆಯುತ್ತದೆ. ಪ್ಲೇ ಸ್ಟೋರಿನ ‘ಪ್ಲೇ ಪ್ರೊಟೆಕ್ಟ್’ ಸದಾ ಚಾಲೂ ಇರಬೇಕು. ಅದನ್ನು ಆರಿಸುವಂತೆ ಹೇಳುವ ಯಾವ ಆಪನ್ನೂ, ಯಾವ ಕರೆಯನ್ನೂ ನಂಬತಕ್ಕದ್ದಲ್ಲ. ಕೆಲಸದ ಹುಡುಗನ ಬಳಿ ಇರುವ, ಅಂಗಡಿಯ ಕ್ಯೂಆರ್ ಖಾತೆಗೆ ಜೋಡಿಸಿದ ಎರಡನೆಯ ಫೋನಿಗೂ ಇದೇ ಪರೀಕ್ಷೆ ಆಗಬೇಕು. ಅದನ್ನು ಎಲ್ಲರೂ ಮರೆಯುತ್ತಾರೆ.

ಎಪಿಕೆ ಈಗಾಗಲೇ ಒಳಹೊಕ್ಕಿದೆ ಎಂಬ ಸಂಶಯ ಬಂದರೆ ಮೊದಲು ಫೋನನ್ನು ಏರೋಪ್ಲೇನ್ ಮೋಡ್‌ಗೆ ಹಾಕಿ, ವೈಫೈಯನ್ನೂ ಆರಿಸಬೇಕು. ನಂತರ ಬೇರೊಂದು ಫೋನಿನಿಂದ ಬ್ಯಾಂಕಿಗೆ ತಿಳಿಸಿ ಖಾತೆಯ ವಹಿವಾಟನ್ನು ತಡೆಹಿಡಿಸಬೇಕು. ಹಣ ಹೋಗಿದ್ದರೆ ಕೂಡಲೇ 1930ಕ್ಕೆ ಕರೆಮಾಡಬೇಕು. ಹಣ ಒಂದು ಖಾತೆಯಿಂದ ಇನ್ನೊಂದಕ್ಕೆ ಹಾರುವ ಮುನ್ನ ದೂರು ತಲುಪಿದರೆ ತಡೆಯುವ ಅವಕಾಶ ಹೆಚ್ಚು. ದೂರಿಗೆ ಬೇಕಾದ ಸಂದೇಶ ಮತ್ತು ಸಂಖ್ಯೆಗಳ ಚಿತ್ರ ತೆಗೆದಿಟ್ಟುಕೊಂಡ ಬಳಿಕವೇ ಫೋನನ್ನು ‘ಫ್ಯಾಕ್ಟರಿ ರಿಸೆಟ್’ ಮಾಡತಕ್ಕದ್ದು. ಹಾಗೆ ಮಾಡಿದ ಫೋನು ಮತ್ತೆ ಹೊಸದರಂತೆ ಚಾಲೂ ಆಗುತ್ತದೆ, ಮೊದಲೇ ಗುರುತು ಹಾಕಿದ ಚೌಕಗಳ ಆ ಪರದೆಯೂ ಮತ್ತೆ ಬರುತ್ತದೆ. ಈ ಸಲ ಗುರುತುಗಳನ್ನು ತೆಗೆದೇ ಮುಂದೆ ಹೋಗಬೇಕು.