ಕ್ಸೇವಿಯರ್ ಎಂಬ ಹೆಸರಿನ ಅರ್ಥವೂ ಚರಿತ್ರವೂ



ಮೆಲ್ಕಾರ್, ಪಾಣೆಮಂಗಳೂರು, ಬಂಟವಾಳ ಈ ಕಡೆಯ ಹಳ್ಳಿಗಳಲ್ಲಿ ನಮ್ಮ ಸಭೆಯವರ ಮಕ್ಕಳು ರೋಮನ್ ಕಥೊಲಿಕ ಸಭೆಯವರ ಮಕ್ಕಳ ಸಂಗಡ ಒಂದೇ ಶಾಲೆಯಲ್ಲಿ ಕಲಿಯುತ್ತಾರೆ. ಆ ಮಕ್ಕಳಲ್ಲಿ ಕ್ಸೇವಿಯರ್ ಎಂಬ ಹೆಸರುಳ್ಳವರು ಉಂಟು. ಪೇತ್ರ, ಪೌಲ, ಯೋಹಾನ ಎಂಬ ಹೆಸರುಗಳನ್ನು ಸತ್ಯವೇದದಲ್ಲಿ ಓದಿದ ನಮ್ಮವರು, ಈ ಹೆಸರು ವೇದದ ಯಾವ ಪುಸ್ತಕದಲ್ಲಿ ಬರುತ್ತದೆ, ಇದರ ಅರ್ಥವೇನು ಎಂದು ಕೇಳುವದುಂಟು. ಇದಕ್ಕೆ ಉತ್ತರ ತಿಳಿಯುವದು ಬರೇ ಕುತೂಹಲದ ಮಾತಲ್ಲ. ಮಗುವಿಗೆ ಯಾವ ಹೆಸರನ್ನು ಇಡಬೇಕು, ಹಿರಿಯರಿಂದ ಬಂದ ಮನೆಯ ಹೆಸರನ್ನು ಇಟ್ಟುಕೊಳ್ಳಬೇಕೋ ಬಿಡಬೇಕೋ ಎಂಬ ಸಂದೇಹವು ನಮ್ಮ ಎಷ್ಟೋ ಕುಟುಂಬಗಳಲ್ಲಿ ಇರುವದರಿಂದ, ಈ ಒಂದು ಹೆಸರಿನ ಚರಿತ್ರವನ್ನು ಕ್ರಮವಾಗಿ ವಿಚಾರಿಸೋಣ.

1. ಹೆಸರಿನ ಅರ್ಥ

ಕ್ಸೇವಿಯರ್ ಎಂಬ ಹೆಸರು ಸತ್ಯವೇದದಲ್ಲಿ ಇಲ್ಲ. ಅದು ಇಬ್ರಿಯ ಮಾತೂ ಅಲ್ಲ, ಗ್ರೀಕ್ ಮಾತೂ ಅಲ್ಲ. ಸ್ಪೇನ್ ದೇಶದ ಉತ್ತರದಲ್ಲಿ ಪಿರೆನೀಸ್ ಎಂಬ ಬೆಟ್ಟಗಳ ಬಳಿಯಲ್ಲಿ ಬಾಸ್ಕರೆಂಬ ಜನರು ವಾಸಿಸುತ್ತಾರೆ. ಅವರ ಭಾಷೆಯು ಸುತ್ತಲಿನ ಯಾವ ಭಾಷೆಗೂ ಸಂಬಂಧಪಟ್ಟದ್ದಲ್ಲ. ಆ ಭಾಷೆಯಲ್ಲಿ 'ಎಚೆ' ಅಂದರೆ ಮನೆ, 'ಬೆರ್ರಿ' ಅಂದರೆ ಹೊಸದು. ಇವೆರಡೂ ಕೂಡಿ 'ಎಚೆಬೆರ್ರಿ' ಎಂದಾಯಿತು. ಜನರ ಬಾಯಲ್ಲಿ ಮೊದಲಿನ ಎಕಾರವು ಸವೆದುಹೋಗಿ ಅದೇ ಮಾತು 'ಶಬಿಯೆರ್', 'ಶಾವಿಯೆರ್' ಎಂಬ ರೂಪವನ್ನು ಹೊಂದಿತು. ನಮ್ಮ ಸೀಮೆಯಲ್ಲಿ 'ಹೊಸ ಅಂಗಡಿ' ಎಂಬದು 'ಹೊಸಂಗಡಿ' ಆದ ಹಾಗೆಯೇ ಇದೂ ಆಯಿತು ಎಂದು ತಿಳಿಯಬೇಕು.

ಹಾಗಾದರೆ ಕ್ಸೇವಿಯರ್ ಅಂದರೆ ಹೊಸಮನೆ. ತುಳುವಿನಲ್ಲಿ ಹೇಳುವದಾದರೆ 'ಪೊಸ ಇಲ್ಲ್'. ಘಟ್ಟದ ಮೇಲೆ ಉತ್ತರ ಕರ್ನಾಟಕದಲ್ಲಿ ಹೊಸಮನಿ ಎಂಬ ಮನೆತನದ ಹೆಸರುಳ್ಳವರು ಬಹಳ ಮಂದಿ ಇದ್ದಾರೆ. ಅವರ ಹೆಸರೂ ಈ ಹೆಸರೂ ಅರ್ಥದಲ್ಲಿ ಒಂದೇ.

2. ಉಚ್ಚಾರಣೆ ಬೇರೆಬೇರೆಯಾದ ಕಾರಣ

ಹಳೆಗನ್ನಡದ 'ಪೊಸ' ಎಂಬದು ಈಗಿನ ಕನ್ನಡದಲ್ಲಿ 'ಹೊಸ' ಆಯಿತು. ತುಳುವರು ಮಾತ್ರ ಪಕಾರವನ್ನು ಬಿಡಲಿಲ್ಲ. ಇದರಂತೆಯೇ ಸ್ಪೇನಿನವರು ಪೂರ್ವದಲ್ಲಿ ಈ ಹೆಸರನ್ನು ಶಕಾರದಿಂದ ಉಚ್ಚರಿಸುತ್ತಿದ್ದರು. 16ನೇ 17ನೇ ಶತಮಾನಗಳಲ್ಲಿ ಅವರ ಶಕಾರವು ಗಂಟಲಿನಿಂದ ಹೊರಡುವ ಹಕಾರದಂತೆ ಬದಲಾದ್ದರಿಂದ ಈಗ ಅವರು 'ಹಾವಿಯೆರ್' ಅನ್ನುತ್ತಾರೆ. ಪೋರ್ತುಗೀಸರೂ ಬಾಸ್ಕರೂ ಶಕಾರವನ್ನು ಉಳಿಸಿಕೊಂಡರು. ಇತಾಲ್ಯದವರು 'ಸಾವೇರಿಯೊ' ಎಂದೂ, ಇಂಗ್ಲಿಷರು 'ಝೇವಿಯರ್' ಎಂದೂ, ತಮಿಳರು 'ಸವೇರಿಯಾರ್' ಎಂದೂ ಹೇಳುತ್ತಾರೆ. ತಮಿಳರ ಸವರಿಮುತ್ತು ಎಂಬ ಹೆಸರೂ ಇದರಿಂದಲೇ ಬಂದದ್ದು. ನಮ್ಮ ನೆರೆಯ ಕೊಂಕಣಿಯವರ ಬಾಯಲ್ಲಿ ಇದು 'ಸಾವೆರ್' ಆಗಿದೆ. ಹೆಸರು ಒಂದೇ, ನಾಲಿಗೆಗಳು ಬೇರೆ. ಆದ್ದರಿಂದ ಒಬ್ಬರು ಹೇಳುವದು ಸರಿ, ಮತ್ತೊಬ್ಬರು ಹೇಳುವದು ತಪ್ಪು ಎಂದು ಯಾರೂ ನಗಬಾರದು.

3. ಹೆಸರನ್ನು ಪ್ರಸಿದ್ಧಿಗೆ ತಂದ ಮನುಷ್ಯನು

ನವಾರ್ರ ಎಂಬ ಚಿಕ್ಕ ರಾಜ್ಯದಲ್ಲಿ ಶಾವಿಯೆರ್ ಎಂಬ ಕೋಟೆಮನೆ ಇತ್ತು. ಅಲ್ಲಿ 1506ನೇ ಇಸವಿ ಎಪ್ರಿಲ್ 7ರಲ್ಲಿ ಫ್ರಾನ್ಸಿಸ್ಕೊ ಎಂಬವನು ಹುಟ್ಟಿದನು. ತಂದೆಯ ಮನೆತನದ ಹೆಸರು ಹಾಸ್ಸೊ. ಕೋಟೆಯಾದರೋ ತಾಯಿಯಾದ ಮರಿಯಳ ಕಡೆಯಿಂದ ಬಂದದ್ದು. ಅಳಿಯಸಂತಾನದ ಕಟ್ಟಿನಲ್ಲಿ ತಾಯಿಯ ಮನೆಯಿಂದ ಮನುಷ್ಯನನ್ನು ಗುರುತಿಸುತ್ತಿದ್ದ ತುಳುನಾಡಿನವರಿಗೆ ಇದು ಸುಲಭವಾಗಿ ತಿಳಿಯುವದು: ಲೋಕವು ಈ ಮಗನನ್ನು ನೆನಸುವದು ತಂದೆಯ ಹೆಸರಿನಿಂದಲ್ಲ, ತಾಯಿಯ ಮನೆಯ ಹೆಸರಿನಿಂದ.

ಆ ಮನೆಗೆ ಬೇಗನೆ ಕೇಡು ಬಂತು. 1512ರಲ್ಲಿ ಕಾಸ್ತೀಲಿನ ದಂಡು ನವಾರ್ರವನ್ನು ಹಿಡಿಯಿತು. ಮನೆಯವರು ತಮ್ಮ ಹಳೆ ಅರಸನ ಪಕ್ಷದಲ್ಲಿ ನಿಂತದ್ದರಿಂದ 1516ರಲ್ಲಿ ಕೋಟೆಯ ಗೋಡೆಗಳನ್ನೂ ಬುರುಜುಗಳನ್ನೂ ಕೆಡವಿಬಿಡಲು ಅಪ್ಪಣೆಯಾಯಿತು. ಆಗ ಹುಡುಗನಿಗೆ ಹತ್ತು ವರುಷ. ತಂದೆಯು ಹಿಂದಿನ ವರುಷವೇ ತೀರಿಹೋಗಿದ್ದನು. 1525ರಲ್ಲಿ ಅವನು ವಿದ್ಯಾಭ್ಯಾಸಕ್ಕಾಗಿ ಪಾರಿಸ್ ಪಟ್ಟಣಕ್ಕೆ ಹೋದನು. ಅಲ್ಲಿ ಇಗ್ನಾತಿಯ ಲೊಯೊಲನ ಸ್ನೇಹವಾಗಿ, ಅವನೊಂದಿಗೆ ಯೇಸು ಸಂಘವನ್ನು ಸ್ಥಾಪಿಸಿದವರಲ್ಲಿ ಒಬ್ಬನಾದನು. 1541ರಲ್ಲಿ ಲಿಸ್ಬನಿನಿಂದ ಹಡಗು ಹತ್ತಿ 1542ರ ಮೇ ತಿಂಗಳಲ್ಲಿ ಗೋವೆಗೆ ಬಂದು ಮುಟ್ಟಿದನು. ತಮಿಳು ಕರಾವಳಿಯ ಮೀನುಗಾರರ ನಡುವೆಯೂ, ಮಲಾಕ್ಕದಲ್ಲಿಯೂ, 1549ರಿಂದ ಜಪಾನ್ ದೇಶದಲ್ಲಿಯೂ ಬೋಧಿಸಿದನು. 1552ನೇ ಇಸವಿ ದಶಂಬರ 3ರಲ್ಲಿ ಚೀನ ದೇಶದ ಕರೆಗೆ ಎದುರಾಗಿರುವ ಶಾಂಗ್‌ಚುವಾನ್ ದ್ವೀಪದಲ್ಲಿ ತೀರಿಕೊಂಡನು. ಅವನ ದೇಹವು ಗೋವೆಯಲ್ಲಿ ಉಂಟು.

ಅವನ ಶ್ರಮೆಯನ್ನು ಹೇಳುವಾಗ ಮತ್ತೊಂದನ್ನೂ ಮರೆಮಾಡತಕ್ಕದ್ದಲ್ಲ. ಗೋವೆಗೆ ಧರ್ಮವಿಚಾರಣೆಯ ನ್ಯಾಯಸಭೆ ಬೇಕೆಂದು 1546ರಲ್ಲಿ ಪೋರ್ತುಗಾಲಿನ ಅರಸನಿಗೆ ಬರೆದವನೂ ಇವನೇ. ಅವನು ಸತ್ತ ಮೇಲೆ 1560ರಲ್ಲಿ ಆ ನ್ಯಾಯಸಭೆಯು ಅಲ್ಲಿ ಸ್ಥಾಪಿತವಾಗಿ ಬಹಳ ಜನರಿಗೆ ಹಿಂಸೆಯಾಯಿತು. ಪ್ರಸಿದ್ಧ ಹೆಸರಿನ ಹಿಂದೆ ಇರುವವನೂ ಮನುಷ್ಯನೇ ಎಂಬದಕ್ಕೆ ಇದು ಸಾಕ್ಷಿ.

4. ಮನೆಯ ಹೆಸರು ಮಕ್ಕಳ ಹೆಸರಾದದ್ದು

1622ರಲ್ಲಿ ರೋಮನ್ ಕಥೊಲಿಕ ಸಭೆಯು ಅವನನ್ನು ಸಂತರ ಪಟ್ಟಿಯಲ್ಲಿ ಸೇರಿಸಿತು. ಆ ಮೇಲೆ ಸ್ಪೇನಿನಲ್ಲಿ ತಂದೆತಾಯಿಗಳು ಮಕ್ಕಳಿಗೆ 'ಫ್ರಾನ್ಸಿಸ್ಕೊ ಹಾವಿಯೆರ್' ಎಂದು ಜೋಡಿ ಹೆಸರನ್ನು ಇಡುತ್ತಾ ಬಂದರು. ಕ್ರಮೇಣ ಮೊದಲಿನ ಭಾಗವು ಬಿದ್ದುಹೋಗಿ 'ಹಾವಿಯೆರ್' ಎಂಬದು ತಾನೇ ಪೂರ್ಣ ಹೆಸರಾಗಿ ನಿಂತಿತು. ಒಬ್ಬನ ಮನೆಯ ಹೆಸರು ಲಕ್ಷಾಂತರ ಮಕ್ಕಳ ಸ್ವಂತ ಹೆಸರಾಯಿತು. ಗೋವೆಯಿಂದ ದಕ್ಷಿಣ ಕನ್ನಡಕ್ಕೆ ಬಂದು ನೆಲೆಸಿದ ಕೊಂಕಣಿ ಕ್ರೈಸ್ತರಲ್ಲಿಯೂ ಈ ಹೆಸರು ಬಳಕೆಯಲ್ಲಿದೆ. ಮಂಗಳೂರಿನ ಬಿಜೈ ಎಂಬಲ್ಲಿಯೂ ಉಡುಪಿಯ ಬಳಿ ಉದ್ಯಾವರದಲ್ಲಿಯೂ ಅವನ ಹೆಸರಿನ ದೇವಾಲಯಗಳುಂಟು. ಆ ಕೊಂಕಣಿ ಕುಟುಂಬಗಳಲ್ಲಿ ಪೋರ್ತುಗೀಸ್ ಹೆಸರುಗಳ ಜೊತೆಗೆ ಪ್ರಭು, ಕಾಮತ್, ಪೈ, ಶೆಣೈ ಎಂಬ ಪೂರ್ವದ ಮನೆತನಗಳನ್ನು ನೆನಪಿನಲ್ಲಿ ಇಟ್ಟುಕೊಂಡವರು ಹಲವರಿದ್ದಾರೆ.

5. ಇದರಿಂದ ನಾವು ಕಲಿಯತಕ್ಕದ್ದು

ಮೊದಲನೆಯದಾಗಿ, ಪರದೇಶದ ಶಬ್ದವುಳ್ಳ ಹೆಸರೇ ಕ್ರೈಸ್ತ ಹೆಸರು, ನಮ್ಮ ನುಡಿಯ ಹೆಸರು ಕೀಳು ಎಂದು ಎಣಿಸುವವರು ಇದನ್ನು ಆಲೋಚಿಸಲಿ. ನವಾರ್ರದವರು ತುಳು ಮಾತಾಡುವವರಾಗಿದ್ದರೆ ಸ್ಪೇನಿನ ಮಕ್ಕಳೆಲ್ಲಾ 'ಪೊಸ ಇಲ್ಲ್' ಎಂದು ಕರೆಯಲ್ಪಡುತ್ತಿದ್ದರು! ಆ ಹೆಸರಿಗೆ ಮಾನ ಬಂದದ್ದು ಶಬ್ದದಿಂದಲ್ಲ, ಅದನ್ನು ಹೊತ್ತವನ ನಡತೆಯಿಂದ.

ಎರಡನೆಯದಾಗಿ, ಅಪೊಸ್ತಲರ ಕಾಲದ ಸಭೆಗಳಲ್ಲಿ ಅಪೊಲ್ಲೋಸ, ಎಪಫ್ರೊದೀತ ಎಂಬವರಿದ್ದರು. ಅವರ ಹೆಸರುಗಳು ಗ್ರೀಕರ ದೇವತೆಗಳ ಹೆಸರುಗಳಿಂದ ಬಂದವು. ಇದ್ದಾಗ್ಯೂ ಪೌಲನು ಅವರನ್ನು ಅದೇ ಹೆಸರುಗಳಿಂದ ಪ್ರೀತಿಯಿಂದ ಕರೆದನು. ನಮ್ಮಲ್ಲಿಯೂ 1844ರಲ್ಲಿ ಮಂಗಳೂರಿನಲ್ಲಿ ದೀಕ್ಷಾಸ್ನಾನ ಹೊಂದಿದ ಆನಂದರಾವ್ ಕೌಂಡಿನ್ಯರು ತಮ್ಮ ಗುರುವಾದ ಮೋಗ್ಲಿಂಗರಿಗಿದ್ದ ಹರ್ಮನ್ ಎಂಬ ಹೆಸರನ್ನು ತೆಗೆದುಕೊಂಡಾಗ ಹಳೆದನ್ನು ಬಿಸಾಡಲಿಲ್ಲ. ಹರ್ಮನ್ ಆನಂದರಾವ್ ಕೌಂಡಿನ್ಯ ಎಂದೇ ಕೊನೆವರೆಗೆ ಅನ್ನಿಸಿಕೊಂಡರು. ಕೌಂಡಿನ್ಯ ಎಂಬದು ಗೋತ್ರದ ಹೆಸರೇ. ಹೊಸ ಹೆಸರು ಬಂದದ್ದರಿಂದ ಹಳೆ ಹೆಸರಿಗೆ ನಾಚಬೇಕಾಗಲಿಲ್ಲ.

ಮೂರನೆಯದು ಬಹಳ ಮುಖ್ಯ. ನಮ್ಮ ಸಭೆಗಳ ಮೊದಲಿನವರಲ್ಲಿ ಅನೇಕರು ದೀಕ್ಷಾಸ್ನಾನದ ನಿಮಿತ್ತ ಹುಟ್ಟಿದ ಮನೆಯನ್ನೂ ಜೀವನೋಪಾಯವನ್ನೂ ಕಳಕೊಂಡರು. ಅಂಥವರಿಗೆ ಕೆಲಸ ಬೇಕಾದ್ದರಿಂದಲೇ ಮಿಶನಿನವರು ನೇಯ್ಗೆಯ ಶಾಲೆಯನ್ನೂ 1865ರಲ್ಲಿ ಜೆಪ್ಪುವಿನಲ್ಲಿ ಹಂಚಿನ ಕಾರ್ಖಾನೆಯನ್ನೂ ಇಟ್ಟರು. ಮನೆಯಿಲ್ಲದವರು ಸುಟ್ಟ ಆ ಹಂಚುಗಳು ಊರೂರಿನ ಹೊಸಮನೆಗಳಿಗೆ ಮಾಡಾದವು. ಮನೆಯಿಂದ ಹೊರಟವನಿಗೆ ಮನೆಯ ಹೆಸರಿನ ಮೇಲೆ ಹಕ್ಕಿಲ್ಲ ಎಂದು ಯಾರಾದರೂ ಹೇಳಿದರೆ, ಶಾವಿಯೆರಿನ ಮಗನನ್ನು ತೋರಿಸಿರಿ. ಅವನ ಮನೆಯ ಗೋಡೆಗಳು ಅವನ ಕಣ್ಣ ಮುಂದೆ ಬಿದ್ದವು. ಹೊಸಮನೆ ಎಂಬ ಹೆಸರನ್ನು ಹೊತ್ತವನು ಸ್ವಂತ ಮನೆಯಿಲ್ಲದೆ ಪರದ್ವೀಪದಲ್ಲಿ ಸತ್ತನು. ಆದರೂ ಹೆಸರು ಅವನೊಂದಿಗೆ ಉಳಿಯಿತು. ಹಾಗೆಯೇ ನಿಮ್ಮ ಹಿರಿಯರ ಮನೆಯ ಹೆಸರನ್ನು ಮಕ್ಕಳಿಗೆ ಹೇಳಿಕೊಡಿರಿ. ನೀವು ಮಕ್ಕಳಿಗೆ ಇಡುವ ಹೆಸರು ಯಾವ ಭಾಷೆಯದ್ದಾದರೂ ಆಗಲಿ, ಅದರ ಅರ್ಥವನ್ನು ತಿಳಿದು ಇಡಿರಿ. ಅದಕ್ಕೆ ಮಾನ ತರುವ ನಡತೆಯನ್ನು ಮನೆಯಲ್ಲಿ ನಡೆದು ತೋರಿಸಿರಿ.

ಮನೆಯಲ್ಲಿ ಕೂಡಿ ವಿಚಾರಿಸತಕ್ಕ ಪ್ರಶ್ನೆಗಳು

1. ಕ್ಸೇವಿಯರ್ ಎಂಬ ಮಾತಿನ ಅರ್ಥವೇನು? ಅದು ಯಾವ ಭಾಷೆಯದು?
2. ಸ್ಪೇನಿನವರೂ ಪೋರ್ತುಗೀಸರೂ ಇದನ್ನು ಬೇರೆಬೇರೆಯಾಗಿ ಉಚ್ಚರಿಸುವದಕ್ಕೆ ಕಾರಣವೇನು? 'ಪೊಸ', 'ಹೊಸ' ಎಂಬ ಮಾತುಗಳಿಂದ ಇದನ್ನು ಹೇಗೆ ತಿಳಿಯಬಹುದು?
3. ಮನೆಯ ಹೆಸರು ಮಕ್ಕಳ ಹೆಸರಾದದ್ದು ಯಾವಾಗ, ಹೇಗೆ?
4. ನಿಮ್ಮ ಹಿರಿಯರ ಮನೆಯ ಹೆಸರೇನು? ಅದರ ಅರ್ಥವನ್ನು ನಿಮ್ಮ ಮಕ್ಕಳು ಬಲ್ಲರೋ?