ನಮ್ಮೂರಿನದೇ ಒಂದು ಪುಸ್ತಕ



ಪಂಚಾಯಿತಿ ಆಫೀಸಿನಲ್ಲಿ ಯಾವ ಯಾವ ಪುಸ್ತಕ ಇರುತ್ತವೆ? ಕಂದಾಯದ್ದು, ನೀರಿನ ಬಿಲ್ಲಿನದು ಅಂತ ಹೇಳುತ್ತೀರಿ. ಇನ್ನೊಂದು ಪುಸ್ತಕವೂ ಇರಬೇಕು. ಅದರ ಹೆಸರು ಜನತಾ ಜೀವವೈವಿಧ್ಯ ದಾಖಲಾತಿ. ಹೆಸರು ಉದ್ದ, ವಿಷಯ ಸುಲಭ. ನಮ್ಮೂರ ಎಲ್ಲೆಯೊಳಗಿನ ಬೆಳೆ, ಮರ, ಬಳ್ಳಿ, ಸೊಪ್ಪು, ದನ, ಮೀನು, ಹಕ್ಕಿ ಇವೆಲ್ಲದರ ಹೆಸರು, ಎಲ್ಲಿ ಸಿಗುತ್ತೆ, ಏನು ಉಪಯೋಗ, ಯಾರಿಗೆ ಗೊತ್ತು ಎಂದು ಬರೆದಿಡುವ ಪುಸ್ತಕ.

2002ರಲ್ಲಿ ಕೇಂದ್ರ ಸರ್ಕಾರ ಜೀವವೈವಿಧ್ಯ ಕಾಯಿದೆ ಮಾಡಿತು. 2003ರಲ್ಲಿ ಕರ್ನಾಟಕ ಜೀವವೈವಿಧ್ಯ ಮಂಡಳಿ ಆಯಿತು. ಪಂಚಾಯಿತಿಗೊಂದು ಜೀವವೈವಿಧ್ಯ ನಿರ್ವಹಣಾ ಸಮಿತಿ ಇರಬೇಕು, ಅದು ಊರಿನವರನ್ನು ಕೇಳಿ ಈ ದಾಖಲಾತಿ ಬರೆಯಬೇಕು. ಕಾಯಿದೆಗೂ ಮೊದಲೇ, 1990ರ ದಶಕದಲ್ಲಿ, ವಿಜ್ಞಾನಿ ಮಾಧವ ಗಾಡ್ಗೀಳ್ ಮತ್ತು ಜೊತೆಯವರು ಹಳ್ಳಿಗಳಲ್ಲಿ ಇಂಥ ದಾಖಲೆ ಬರೆಯುವ ಕೆಲಸ ಶುರು ಮಾಡಿದ್ದರು.

ಎಲ್ಲರಿಗೂ ಗೊತ್ತಿರೋದನ್ನ ಯಾಕೆ ಬರೀಬೇಕು ಅಂತ ಕೇಳಬಹುದು. ಅರಿಶಿನದ ಕಥೆ ಕೇಳಿ. ಗಾಯಕ್ಕೆ ಅರಿಶಿನ ಹಚ್ಚೋದು ನಮ್ಮ ಅಜ್ಜಿಯಂದಿರಿಗೆಲ್ಲ ಗೊತ್ತು. ಆದರೂ 1995ರಲ್ಲಿ ಅಮೆರಿಕದಲ್ಲಿ ಇದಕ್ಕೆ ಪೇಟೆಂಟ್ ಕೊಟ್ಟರು. ಪೇಟೆಂಟ್ ಅಂದರೆ, ಇದನ್ನು ಹೊಸದಾಗಿ ಕಂಡುಹಿಡಿದವರು ನಾವು, ನಮ್ಮನ್ನು ಕೇಳದೆ ಬೇರೆಯವರು ಇದರಲ್ಲಿ ವ್ಯಾಪಾರ ಮಾಡಬಾರದು ಎನ್ನುವ ಹಕ್ಕು. ನಮ್ಮ ದೇಶದ ವೈಜ್ಞಾನಿಕ ಮತ್ತು ಕೈಗಾರಿಕಾ ಸಂಶೋಧನಾ ಮಂಡಳಿ ತಕರಾರು ಹಾಕಿತು. ಅಜ್ಜಿ ಹೇಳಿದ್ದು ಅಂದರೆ ಅಲ್ಲಿ ನಡೆಯೋದಿಲ್ಲ, ಬರವಣಿಗೆಯ ಸಾಕ್ಷಿ ಬೇಕು. ಹಳೆಯ ಸಂಸ್ಕೃತ ಗ್ರಂಥಗಳನ್ನೂ 1953ರ ಒಂದು ವೈದ್ಯಕೀಯ ಲೇಖನವನ್ನೂ ತೋರಿಸಿದರು. 1997ರಲ್ಲಿ ಪೇಟೆಂಟ್ ರದ್ದಾಯಿತು. ಅರಿಶಿನಕ್ಕೆ ಗ್ರಂಥ ಇತ್ತು. ನಮ್ಮ ಹೊಲದ ಬದುವಿನ ಗಿಡಗಳಿಗೆ ಯಾವ ಗ್ರಂಥ ಇದೆ?

ದಾಖಲಾತಿಯಲ್ಲಿ ಒಂದೊಂದು ವಿಷಯಕ್ಕೆ ಒಂದೊಂದು ನಮೂನೆ ಇದೆ. ಬೆಳೆಗೆ ಬೇರೆ, ಔಷಧಿ ಗಿಡಕ್ಕೆ ಬೇರೆ, ಸಾಕುಪ್ರಾಣಿಗೆ ಬೇರೆ. ಕಳೆ ಗಿಡಗಳಿಗೂ ಒಂದು ಇದೆ. ಅದನ್ನು ಮೇಷ್ಟ್ರು ಕ್ಲಾಸಿನಲ್ಲಿ ತೋರಿಸಿದಾಗ ನನಗೆ ಒಂದು ಅನುಮಾನ ಬಂತು. ಅಣ್ಣೆ, ಹೊನಗೊನೆ, ಗಣಿಕೆ, ಗೋಣಿ ಸೊಪ್ಪು ಎಲ್ಲಾ ರಾಗಿ ಹೊಲದಲ್ಲಿ ತಾವಾಗೇ ಹುಟ್ಟುತ್ತವೆ. ಹಾಗಾದರೆ ಇವು ಕಳೆಯೋ, ಆಹಾರವೋ? ಅಜ್ಜಿಯನ್ನು ಕೇಳಿದೆ. "ಕಳೆ ಅಂದೋರ್ಯಾರು? ನಿಮ್ಮಪ್ಪ ಬೆಳೆದಿದ್ದೇ ಬೆರಕೆ ಸೊಪ್ಪಿನ ಸಾರಲ್ಲಿ" ಅಂದರು. ಈಗ ಕಳೆನಾಶಕ ಹೊಡೆದ ಹೊಲದಲ್ಲಿ ಇವು ಸಿಗೋದಿಲ್ಲ. ಅದಕ್ಕೇ ಇವನ್ನು ಎರಡು ಕಡೆಯೂ ಬರೆಯಬೇಕು ಅಂತ ನನ್ನ ಅಭಿಪ್ರಾಯ.

ರಾಗಿಯದೂ ಹೀಗೇ. ಮಂಡ್ಯದ ವಿ.ಸಿ. ಫಾರಂನಲ್ಲಿ ವಿಜ್ಞಾನಿ ಲಕ್ಷ್ಮಣಯ್ಯನವರು ಭಾರತದ ರಾಗಿಗೂ ಆಫ್ರಿಕಾದ ರಾಗಿಗೂ ಕೂಡಿಸಿ ಇಂಡಾಫ್ ತಳಿ ಮಾಡಿದರು. ಇಂಡಿಯಾದ ಇಂಡ್, ಆಫ್ರಿಕಾದ ಆಫ್! ಹಳೇ ತಳಿ ಉಳಿದಿದ್ದರಿಂದಲೇ ಹೊಸ ತಳಿ ಬಂತು. ಗಿಡ್ಡ ರಾಗಿ, ಹಸಿರುಕಡ್ಡಿ ರಾಗಿ, ಬಿಳಿ ರಾಗಿ ಇವುಗಳ ಬೀಜ ನಮ್ಮೂರಲ್ಲಿ ಯಾರ ಮನೆಯಲ್ಲಾದರೂ ಇದೆಯೇ?

2020ರ ಜನವರಿ 31ರೊಳಗೆ ದೇಶದ ಎಲ್ಲಾ ದಾಖಲಾತಿ ಮುಗಿಸಬೇಕೆಂದು ರಾಷ್ಟ್ರೀಯ ಹಸಿರು ನ್ಯಾಯಮಂಡಳಿ ಗಡುವು ಹಾಕಿತ್ತು. ಗಡುವಿನ ಹಿಂದಿನ ದಿನ ಹೋಂವರ್ಕ್ ಹೇಗೆ ಆಗುತ್ತೆ ಅಂತ ನಮಗೆಲ್ಲ ಗೊತ್ತು. ಆದರೆ ಇದು ಒಂದು ಸಲ ಬರೆದು ಬೀರುವಿನಲ್ಲಿಡುವ ಪುಸ್ತಕ ಅಲ್ಲ. ಹೊಸದು ತಿಳಿದಂತೆ ಸೇರಿಸುತ್ತಾ ಹೋಗಬೇಕು. ನಾಟಿ ವೈದ್ಯರು ತಮ್ಮ ಮದ್ದನ್ನು ಗುಟ್ಟಾಗಿಡಿ ಅಂದರೆ ಹಾಗೇ ಇಡಬೇಕು. ಬಲವಂತ ಮಾಡಬಾರದು.

ನಾವು ಸೊಪ್ಪಿನಿಂದ ಶುರು ಮಾಡೋಣ. ಮನೆಯಲ್ಲಿ ಹಿರಿಯರನ್ನು ಹೀಗೆ ಕೇಳಿ: ಯಾವ ಸೊಪ್ಪು, ಯಾವ ತಿಂಗಳು, ಯಾರ ಹೊಲದಲ್ಲಿ ಸಿಗುತ್ತಿತ್ತು? ಈಗಲೂ ಸಿಗುತ್ತಾ? ಹೇಳಿದವರ ಹೆಸರನ್ನು ಅವರ ಒಪ್ಪಿಗೆ ಕೇಳಿ ಬರೆಯಿರಿ. ಹೂವು ಸಮೇತ ಒಂದು ಕಡ್ಡಿಯನ್ನು ಹಳೇ ಪೇಪರಿನ ನಡುವೆ ಒಣಗಿಸಿ ತನ್ನಿ. ಒಂದೇ ಗಿಡಕ್ಕೆ ಮೇಲಿನ ಕೇರಿಯವರು ಒಂದು ಹೆಸರು, ಕೆಳಗಿನ ಕೇರಿಯವರು ಇನ್ನೊಂದು ಹೆಸರು ಹೇಳುತ್ತಾರೆ. ಎಲೆ, ಹೂವು ಇದ್ದರೆ ಜಗಳ ಇರೋದಿಲ್ಲ.