ಮಾತು-ಧಾತುಗಳ ಮೇಳ: ಚಲನಚಿತ್ರ ಸಂಗೀತಕಾರ ಜಿ. ಕೆ. ವೆಂಕಟೇಶ್

ಹಾಡಿನ ಸಾಹಿತ್ಯವನ್ನು ‘ಮಾತು’ ಎಂದೂ ಗೇಯಾಂಶವನ್ನು ‘ಧಾತು’ ಎಂದೂ ನಮ್ಮ ಲಕ್ಷಣಕಾರರು ಕರೆದಿದ್ದಾರೆ. ಎರಡನ್ನೂ ತಾನೇ ರಚಿಸಬಲ್ಲವನು ವಾಗ್ಗೇಯಕಾರ. ಅನ್ಯರ ಧಾತುವಿಗೆ ಮಾತನ್ನು ಹೊಂದಿಸುವವನು ‘ಕುಟ್ಟಿಕಾರ’ ಎಂದು 13ನೆಯ ಶತಮಾನದ ಶಾರ್ಙ್ಗದೇವನು ‘ಸಂಗೀತರತ್ನಾಕರ’ದಲ್ಲಿ ಹೇಳುತ್ತಾನೆ. ಚಲನಚಿತ್ರಗೀತೆಯಲ್ಲಿ ಮಾತು ಒಬ್ಬರದು, ಧಾತು ಮತ್ತೊಬ್ಬರದು, ಕಂಠ ಮೂರನೆಯವರದು. ಈ ಮೂರನ್ನೂ ಒಂದಾಗಿ ಬೆಸೆಯುವ ಹೊಣೆ ಸಂಗೀತ ನಿರ್ದೇಶಕನದು.

ಅಂತಹ ಹೊಣೆಯನ್ನು ಕನ್ನಡದಲ್ಲಿ ದೀರ್ಘಕಾಲ ಹೊತ್ತವರಲ್ಲಿ ಜಿ. ಕೆ. ವೆಂಕಟೇಶ್ ಪ್ರಮುಖರು. 1927ರಲ್ಲಿ ಹೈದರಾಬಾದಿನಲ್ಲಿ ಜನಿಸಿದ ಇವರು ವೀಣಾವಾದಕರು; ಮದರಾಸಿನಲ್ಲಿ ಎಂ. ಎಸ್. ವಿಶ್ವನಾಥನ್ ಅವರ ಸಹಾಯಕರಾಗಿ ದುಡಿದವರು. ಕನ್ನಡ ಚಿತ್ರಗಳೂ ಆಗ ಹೆಚ್ಚಾಗಿ ಮದರಾಸಿನಲ್ಲೇ ಸಿದ್ಧಗೊಳ್ಳುತ್ತಿದ್ದವು. ವಾದ್ಯಗಾರರೊಡನೆ ಕುಳಿತು, ಹಿರಿಯರ ಕೈಕೆಳಗೆ ಕಲಿತು ಮೇಲೇರುವುದು ಆ ವೃತ್ತಿಯ ಕ್ರಮ. ಅದೂ ಒಂದು ಗುರುಕುಲವೇ. ಮುಂದೆ ಇವರ ಬಳಿ ಸಹಾಯಕರಾಗಿದ್ದ ಇಳಯರಾಜ 1976ರಲ್ಲಿ ‘ಅನ್ನಕ್ಕಿಳಿ’ ಚಿತ್ರದಿಂದ ಸ್ವತಂತ್ರರಾಗಿ ಪ್ರಸಿದ್ಧಿಗೆ ಬಂದರು.

ಅ. ನ. ಕೃಷ್ಣರಾಯರ ಕಾದಂಬರಿಯನ್ನಾಧರಿಸಿದ ‘ಸಂಧ್ಯಾರಾಗ’ (1966) ಚಿತ್ರದ ಸಂಗೀತದಲ್ಲಿ ವೆಂಕಟೇಶರೊಡನೆ ಎಂ. ಬಾಲಮುರಳಿಕೃಷ್ಣ ಅವರೂ ಕೈಜೋಡಿಸಿದರು. ಭೀಮಸೇನ ಜೋಶಿಯವರೂ ಅದರಲ್ಲಿ ಹಾಡಿದರು. ಹೀಗೆ ಹಿಂದೂಸ್ತಾನಿ ಮತ್ತು ಕರ್ನಾಟಕ ಪದ್ಧತಿಗಳೆರಡೂ ಒಂದೇ ಕಥೆಯಲ್ಲಿ ಸಂಧಿಸಿದವು. ‘ಕಸ್ತೂರಿ ನಿವಾಸ’ (1971), ‘ಬಂಗಾರದ ಮನುಷ್ಯ’ (1972) ಚಿತ್ರಗಳ ಹಾಡುಗಳಾದರೋ ರಾಗಜ್ಞಾನವಿಲ್ಲದ ಒಕ್ಕಲಿಗನ ನಾಲಗೆಯಲ್ಲೂ ನಿಂತವು.

1974ರ ‘ಸಂಪತ್ತಿಗೆ ಸವಾಲ್’ ಇವರ ವೃತ್ತಿಜೀವನದ ದೊಡ್ಡ ತಿರುವು. ಅದುವರೆಗೆ ರಾಜಕುಮಾರರಿಗೆ ಬಹುಮಟ್ಟಿಗೆ ಪಿ. ಬಿ. ಶ್ರೀನಿವಾಸರೇ ಕಂಠವಾಗಿದ್ದರು. ವೆಂಕಟೇಶರು ಚಿ. ಉದಯಶಂಕರರ ಗೀತೆಯೊಂದನ್ನು ನಟನಿಂದಲೇ ಹಾಡಿಸಿದರು. ಎಮ್ಮೆಯ ಮೇಲೆ ಕುಳಿತು ಹಾಡುವ ಆ ಹಾಡು ನಾಡನ್ನೆಲ್ಲ ವ್ಯಾಪಿಸಿತು. ಗುಬ್ಬಿ ಕಂಪನಿಯ ರಂಗಭೂಮಿಯಲ್ಲಿ ಪಳಗಿದ ಕಂಠದಲ್ಲಿ ಅಕ್ಷರಗಳು ಒಡೆದು ಕೇಳುವುದನ್ನು ಸಂಗೀತಕಾರನ ಕಿವಿ ಗುರುತಿಸಿತ್ತು. 1992ರ ‘ಜೀವನ ಚೈತ್ರ’ದ ಹಾಡಿಗಾಗಿ ರಾಜಕುಮಾರರಿಗೆ ರಾಷ್ಟ್ರಪ್ರಶಸ್ತಿಯೇ ದೊರೆಯಿತು. ಅದರ ಸಂಗೀತ ಉಪೇಂದ್ರಕುಮಾರರದು. ಆದರೆ ಆ ಕಂಠಕ್ಕೆ ಹಾದಿ ತೆರೆದವರು ವೆಂಕಟೇಶರು. ಅವರು 1993ರಲ್ಲಿ ನಿಧನರಾದರು.

ಇಲ್ಲಿ ನನ್ನದೊಂದು ತಪ್ಪೊಪ್ಪಿಗೆಯಿದೆ. ಚಿತ್ರಗೀತೆಯಲ್ಲಿ ಹ್ರಸ್ವ-ದೀರ್ಘಗಳು ತಾಳಕ್ಕೆ ಬಲಿಯಾಗುತ್ತವೆಂದು ತರಗತಿಯಲ್ಲಿ ನಾನು ಬಹುಕಾಲ ಹಳಿಯುತ್ತಿದ್ದೆ. ಲಿಂಗರಾಜಪುರವೋ ಹಲವು ಭಾಷೆಗಳ ಬಡಾವಣೆ. ಮನೆಯಲ್ಲಿ ತಮಿಳಾಡುವ ಬಾಲಕನೊಬ್ಬನಿಗೆ ಮಹಾಪ್ರಾಣಗಳನ್ನು ಹೇಳಿಕೊಟ್ಟು ಸೋತಿದ್ದೆ. ಶಾಲೆಯ ಉತ್ಸವದಲ್ಲಿ ಅವನು ರಾಜಕುಮಾರರ ಹಾಡೊಂದನ್ನು ಹಾಡಿದಾಗ ಒಂದಕ್ಷರವೂ ಜಾರಲಿಲ್ಲ. ನನ್ನ ಪಾಠದಲ್ಲಿ ಮಾತಿತ್ತು, ಧಾತುವಿರಲಿಲ್ಲ. ಮರುದಿನದಿಂದ ಷಟ್ಪದಿಯನ್ನು ರಾಗವಾಗಿ ಓದಿಸತೊಡಗಿದೆ.

ಆದುದರಿಂದ ಅಧ್ಯಾಪಕ ಮಿತ್ರರಲ್ಲಿ ನನ್ನ ಬಿನ್ನಹವಿಷ್ಟೆ: ಪದ್ಯವನ್ನು ಅರ್ಥ ಹೇಳಿ ಮುಗಿಸದೆ ಹಾಡಿಸಿರಿ. ದಾನಿಗಳಲ್ಲೂ ಒಂದು ಕೋರಿಕೆ: ಗ್ರಂಥಭಂಡಾರದ ಜೊತೆಗೆ ಶ್ರುತಿಪೆಟ್ಟಿಗೆಯನ್ನೂ ನೆನೆಯಿರಿ. ಕಿವಿಗೆ ಒಲಿದ ಭಾಷೆ ನಾಲಗೆಗೂ ಒಲಿಯುತ್ತದೆ.